ಕಟ್ಟಡದಲ್ಲಿ ವಾಸ ಮಾಡೋ ಕಲ್ಪನೆಯ ಪ್ರಾಣಿಗಳು: ನಿಮ್ಮ ಪ್ರಶ್ನೆ, ನಮ್ಮ ಉತ್ತರ

ಹೋದ ಸಂಚಿಕೆಯಲ್ಲಿ ಯಾಳಿ (ಒಂದೇ ತರದ ಮೈಗೆ ಬೇರೆ ಬೇರೆ ಪ್ರಾಣಿಯ ತಲೆ ಸೇರಿಸಿ ದೇವಸ್ಥಾನದಲ್ಲಿ ಕೆತ್ತೋ ಕಲ್ಪನೆಯ ಪ್ರಾಣಿ) ಕಂಬಗಳ ಫೋಟೋ ಹಾಕಿದ್ಮೇಲೆ ತುಂಬಾ ಪ್ರಶ್ನೆ ಬಂದ್ವು. ಒಂದೇ ತರದವನ್ನ ಸೇರಿಸಿ, ಕೆಲವನ್ನ ಆರಿಸಿ ಇಲ್ಲಿ ಉತ್ತರ ಕೊಟ್ಟಿದೀವಿ.

ಪ್ರಶ್ನೆ: ಸರ್, ವಾಟ್ಸಾಪಲ್ಲಿ ಒಂದು ವಿಡಿಯೋ ಓಡಾಡ್ತಿದೆ. ಯಾಳಿ ಅನ್ನೋದು ಒಂದು ಕಾಲದಲ್ಲಿ ನಿಜವಾಗ್ಲೂ ಬದುಕಿದ್ದ ಪ್ರಾಣಿ, ಆನೆಗಿಂತ ಎಷ್ಟೋ ದೊಡ್ಡದು, ಅದಕ್ಕೇ ಶಿಲ್ಪದಲ್ಲಿ ಅದರ ಕಾಲ ಕೆಳಗೆ ಆನೆ ಪುಟ್ಟದಾಗಿ ಕಾಣುತ್ತೆ ಅಂತ. ಇಷ್ಟೊಂದು ದೇವಸ್ಥಾನದಲ್ಲಿ ಕೆತ್ತಿದಾರೆ ಅಂದ್ರೆ ನೋಡಿಯೇ ಕೆತ್ತಿರಬೇಕಲ್ವಾ?

ಉತ್ತರ: ಇಲ್ಲ, ಅಂಥ ಪ್ರಾಣಿ ಇರ್ಲಿಲ್ಲ. ಒಂದು ಮೂಳೆ, ಒಂದು ಹಲ್ಲು ಎಲ್ಲೂ ಸಿಕ್ಕಿಲ್ಲ. ಆದ್ರೆ ಅಷ್ಟಕ್ಕೇ ಬಿಡೋ ಪ್ರಶ್ನೆ ಅಲ್ಲ ಇದು, ಯಾಕಂದ್ರೆ ನೀವು ಕೇಳಿದ್ದಕ್ಕೆ ಉತ್ತರ ಆ ಕಲ್ಲಿನಲ್ಲೇ ಇದೆ, ಸ್ವಲ್ಪ ನಿಂತು ನೋಡಿದ್ರೆ ಯಾರಿಗಾದ್ರೂ ಕಾಣುತ್ತೆ.

ಮೊದಲು ಅದೇ ಗೋಡೆ ಮೇಲಿರೋ ಆನೆ ನೋಡಿ. ಹಳೇಬೀಡಲ್ಲಿ ನೋಡಿ, ಸೋಮನಾಥಪುರದಲ್ಲಿ ನೋಡಿ, ಹಂಪಿಯಲ್ಲಿ ನೋಡಿ, ಶೈಲಿ ಬೇರೆ ಆದ್ರೂ ಆನೆ ಆನೆಯೇ. ಕಾಲು ಮಡಚೋ ರೀತಿ, ಸೊಂಡಿಲು ಸುತ್ತೋ ರೀತಿ, ಕಿವಿ ಇರೋ ಜಾಗ, ಎಲ್ಲಾ ಒಂದೇ, ಯಾಕಂದ್ರೆ ಶಿಲ್ಪಿ ದಿನಾ ಆನೆ ನೋಡ್ತಿದ್ದ. ಈಗ ಯಾಳಿ ನೋಡಿ. ಒಂದು ಕಡೆ ಸಿಂಹದ ಮುಖ, ಇನ್ನೊಂದು ಕಡೆ ಸೊಂಡಿಲು, ಮತ್ತೊಂದು ಕಡೆ ಕುದುರೆ ಮುಖ, ಕೆಲವು ಕಡೆ ಗಿಣಿ ಕೊಕ್ಕು, ಮನುಷ್ಯನ ಮುಖ ಕೂಡ ಉಂಟು. ಶಿಲ್ಪಶಾಸ್ತ್ರದವರು ಇದನ್ನ ವ್ಯಾಳ ಅಂತ ಕರೆದು ತಲೆಯ ಮೇಲೆ ವಿಂಗಡಣೆ ಮಾಡಿದಾರೆ, ಸಿಂಹವ್ಯಾಳ, ಗಜವ್ಯಾಳ, ಅಶ್ವವ್ಯಾಳ, ನರವ್ಯಾಳ ಹೀಗೆ, ಅಪರಾಜಿತಪೃಚ್ಛ ಅನ್ನೋ ಮಧ್ಯಕಾಲದ ಗ್ರಂಥದಲ್ಲಿ 16 ಬಗೆ ಹೇಳಿದಾರೆ. ಮೈ ಹೆಚ್ಚುಕಮ್ಮಿ ಅದೇ, ತಲೆ ಮಾತ್ರ ಬದಲಾಗ್ತಾ ಹೋಗುತ್ತೆ. ಕಾಡಲ್ಲಿ ಹುಟ್ಟಿದ ಪ್ರಾಣಿ ಹೀಗಿರಲ್ಲ.

ಇನ್ನು ಗಾತ್ರದ ಮಾತು. ಕಾಲ ಕೆಳಗೆ ಆನೆ ಪುಟ್ಟದಾಗಿದೆ, ಸರಿ. ಆದ್ರೆ ಯಾಳಿ ಎಷ್ಟು ಎತ್ತರ ಇರಬೇಕು ಅಂತ ತೀರ್ಮಾನ ಮಾಡಿದ್ದು ಮೇಲಿರೋ ತೊಲೆ! ಹಂಪಿಯ ವಿಜಯ ವಿಠ್ಠಲ ದೇವಸ್ಥಾನದಲ್ಲಿ ಹಿಂಗಾಲ ಮೇಲೆ ಎದ್ದು ನಿಂತಿರೋ ಯಾಳಿಗಳನ್ನ ನೋಡಿ, ಕಂಬ, ಯಾಳಿ, ಅದರ ಮೇಲೆ ಕೂತ ಸವಾರ, ಕೆಳಗಿನ ಪುಟ್ಟ ಆನೆ ಅಥವಾ ಮಕರ (ಮೊಸಳೆ ಬಾಯಿಯ ಕಲ್ಪನೆಯ ನೀರಿನ ಪ್ರಾಣಿ), ಎಲ್ಲಾ ಒಂದೇ ಬಂಡೆಯಿಂದ ಬಂದಿದ್ದು. ಕಂಬ ನೆಲದಿಂದ ತೊಲೆ ತನಕ ಮುಟ್ಟಲೇಬೇಕು, ಆ ಎತ್ತರವನ್ನ ತುಂಬೋಕೆ ಅಡ್ಡಡ್ಡ ನಿಲ್ಲೋ ಪ್ರಾಣಿ ಆಗಲ್ಲ, ಎದ್ದು ನಿಲ್ಲೋದೇ ಬೇಕು, ಎದ್ದು ನಿಂತ್ಮೇಲೂ ಕೆಳಗೆ ಒಂದಿಷ್ಟು ಜಾಗ ಉಳಿದ್ರೆ ಅಲ್ಲಿಗೊಂದು ಆನೆ. ಅಂದ್ರೆ ಆನೆ ಚಿಕ್ಕದಾಗಿರೋದು ಅಲ್ಲಿ ಉಳಿದ ಜಾಗ ಚಿಕ್ಕದು ಅಂತ, ಜೊತೆಗೆ ಆನೆಯನ್ನೂ ಮೀರಿಸಿದ ಬಲ ಅಂತ ತೋರಿಸೋಕೆ. ನಮ್ಮ ಶಿಲ್ಪಗಳಲ್ಲಿ ದೇವರ ಪಕ್ಕ ರಾಜ ಮೊಣಕಾಲೆತ್ತರ ಇರ್ತಾನೆ, ಅದನ್ನ ನೋಡಿ ರಾಜರೆಲ್ಲಾ ಕುಳ್ಳಗಿದ್ರು ಅಂತ ಯಾರೂ ಹೇಳಲ್ಲ.

ಬಾಯೊಳಗಿನ ಕಲ್ಲಿನ ಗುಂಡಿನ ಬಗ್ಗೆಯೂ ಎಷ್ಟೋ ಜನ ಕೇಳಿದೀರಿ. ಕೆಲವು ಯಾಳಿಗಳ ಬಾಯಲ್ಲಿ ಗುಂಡು ಇರುತ್ತೆ, ಬೆರಳಿಂದ ಉರುಳಿಸಬಹುದು, ಹೊರಗೆ ತೆಗೆಯೋಕಾಗಲ್ಲ. ಹೊರಗಿನಿಂದ ತಂದು ಹಾಕಿದ್ದಲ್ಲ ಅದು, ಬಾಯಿ ಕೊರೆಯುವಾಗ ಒಳಗಿನ ಕಲ್ಲನ್ನೇ ಸುತ್ತಲೂ ಬಿಡಿಸ್ತಾ ಬಂದು ಗುಂಡು ಮಾಡೋದು, ಹಲ್ಲಿನ ಸಂದಿಯಲ್ಲಿ ಉಳಿ ಆಡಿಸಿ. ಒಂದು ಏಟು ತಪ್ಪಿದ್ರೆ ದವಡೆ ಹೋಗುತ್ತೆ. ಇಂಥ ಕೈಚಳಕ ಇದ್ದ ಜನ ಕಣ್ಣಿಗೆ ಬಿದ್ದಿದ್ದನ್ನ ಕಾಪಿ ಮಾಡಿದ್ರು ಅಷ್ಟೇ ಅಂತ ಹೇಳೋ ವಿಡಿಯೋ ನೋಡಿದ್ರೆ ನನಗೆ ಬೇಜಾರಾಗುತ್ತೆ. ಅವರು ಒಂದು ಪ್ರಾಣಿಯನ್ನೇ ಹುಟ್ಟಿಸಿದ್ರು, ಅದು ದೊಡ್ಡ ಕೆಲಸ.

ಪ್ರಶ್ನೆ: ಯುರೋಪಿನ ಚರ್ಚುಗಳ ಗಾರ್ಗಾಯ್ಲ್, ನಮ್ಮ ದೇವಸ್ಥಾನದ ಮಕರ, ಎರಡೂ ಬಾಯಿಂದ ನೀರು ಬಿಡುತ್ತಲ್ಲ, ಒಬ್ಬರು ಇನ್ನೊಬ್ಬರಿಂದ ಕಲಿತಿದ್ದಾ?

ಉತ್ತರ: ಕಲಿಯಬೇಕಾದ ಅಗತ್ಯವೇ ಇಲ್ಲ, ಎರಡೂ ಕಡೆ ನೀರು ಒಂದೇ ತರ ತೊಂದರೆ ಕೊಡುತ್ತೆ. ಕಲ್ಲಿನ ಗೋಡೆ ಮೇಲೆ ಮಳೆ ನೀರು ಹರಿದ್ರೆ ಸಂದಿಯ ಗಾರೆ ತೊಳೆದುಹೋಗುತ್ತೆ, ಬುಡ ನೆನೆಯುತ್ತೆ. ಹಾಗಾಗಿ ನೀರನ್ನ ಗೋಡೆಯಿಂದ ಆದಷ್ಟು ದೂರಕ್ಕೆ ಎಸೆಯಬೇಕು. ಗಾರ್ಗಾಯ್ಲ್ ನೋಡಿ, ಬೆನ್ನ ಮೇಲೆ ಒಂದು ಕಾಲುವೆ ಕೊರೆದಿರ್ತಾರೆ, ನೀರು ಅದರಲ್ಲಿ ಹರಿದು ಬಾಯಿಂದ ಹೊರಗೆ. ಹಿಂಭಾಗ ಗೋಡೆಯೊಳಗೆ ಹೂತಿರುತ್ತೆ, ಮುಂಭಾಗ ಗಾಳಿಯಲ್ಲಿ ಚಾಚಿರುತ್ತೆ. ಅದಕ್ಕೇ ಅವುಗಳಿಗೆಲ್ಲಾ ಆ ಉದ್ದ ಕತ್ತು, ಮುಂದಕ್ಕೆ ಬಾಗಿದ ಮೈ. ಪ್ಯಾರಿಸಿನ ನೋತ್ರ್ ದಾಮ್ ಚರ್ಚ್‌ನಲ್ಲಿ 13ನೇ ಶತಮಾನದಿಂದ ಈ ವ್ಯವಸ್ಥೆ ಇದೆ, ಚಾವಣಿ ನೀರು ಗೋಡೆಗೆ ಆಸರೆ ಕೊಟ್ಟ ಕಮಾನುಗಳ ಬೆನ್ನ ಮೇಲಿನ ಕಾಲುವೆಯಲ್ಲಿ ಇಳಿದು ಗಾರ್ಗಾಯ್ಲ್ ಬಾಯಿಗೆ ಬರುತ್ತೆ.

ಇಲ್ಲೊಂದು ಗೊಂದಲ ಬಿಡಿಸಬೇಕು. ಪೋಸ್ಟ್‌ಕಾರ್ಡಲ್ಲಿ, ಟೀಶರ್ಟಲ್ಲಿ ಬರುತ್ತಲ್ಲ, ಗಲ್ಲಕ್ಕೆ ಎರಡೂ ಕೈ ಕೊಟ್ಟುಕೊಂಡು ಪ್ಯಾರಿಸ್ ನೋಡ್ತಾ ಕೂತಿರೋ ಕೊಂಬಿನ ಪ್ರಾಣಿ, ಅದು ಗಾರ್ಗಾಯ್ಲ್ ಅಲ್ಲ, ಅದರ ಬಾಯಿಂದ ಒಂದು ಹನಿ ನೀರೂ ಬರಲ್ಲ. 19ನೇ ಶತಮಾನದ ಮಧ್ಯದಲ್ಲಿ ಚರ್ಚು ಜೀರ್ಣೋದ್ಧಾರ ಮಾಡಿದ ವಾಸ್ತುಶಿಲ್ಪಿ ವಿಯೊಲೆ ಲ ದ್ಯುಕ್ ಗೋಪುರದ ಕಟಾಂಜನದ ಮೇಲೆ ಹೊಸದಾಗಿ ಕೂರಿಸಿದ ಪ್ರಾಣಿಗಳು ಅವು, ಶಿಮೇರಾ ಅಂತಾರೆ. ಚೆನ್ನಾಗೇ ಇದಾವೆ. ಆದ್ರೂ ನನಗೆ ಇಷ್ಟ ಕೆಳಗೆ ಮಳೆಗಾಲದಲ್ಲಿ ಕೆಲಸ ಮಾಡೋ ಹಳೇ ಉದ್ದ ಕತ್ತಿನವೇ.

ಈಗ ನಮ್ಮ ಮಕರ. ಗರ್ಭಗುಡಿಯಲ್ಲಿ ಅಭಿಷೇಕದ ನೀರು ಸಾಮಾನ್ಯವಾಗಿ ಉತ್ತರದ ಗೋಡೆಯಿಂದ ಹೊರಗೆ ಬರುತ್ತಲ್ಲ, ಆ ಕಿಂಡಿಗೆ ಪ್ರಣಾಳ ಅಂತಾರೆ, ಅಲ್ಲಿ ಮಕರದ ಬಾಯಿ ಇಟ್ಟಿರ್ತಾರೆ. ಮಕರ ಗಂಗೆಯ ವಾಹನ, ವರುಣನ ವಾಹನ, ನೀರು ಇರೋ ಕಡೆ ಅದು ಇರೋದು ಸಹಜ. ಜಾವಾ ದ್ವೀಪದ ಬೊರೊಬುದುರ್ ಸ್ತೂಪದಲ್ಲಂತೂ ಇಂಥ 100 ಬಾಯಿಗಳಿವೆ, ಮಳೆ ನೀರು ಮೇಲಿನ ಅಂತಸ್ತಿನಿಂದ ಕೆಳಗಿನದಕ್ಕೆ ಇಳಿಸೋಕೆ. ಅಷ್ಟು ದೊಡ್ಡ ಮೆಟ್ಟಿಲು ಮೆಟ್ಟಿಲಾದ ಕಲ್ಲಿನ ಗುಡ್ಡದಲ್ಲಿ, ಅಷ್ಟು ಮಳೆ ಬೀಳೋ ಊರಲ್ಲಿ, ಅದಿಲ್ಲದೆ ಹೋಗಿದ್ರೆ ಒಳಗೆ ತುಂಬಿದ ಮಣ್ಣು ನೆಂದು ಗೋಡೆ ಹೊರಗೆ ತಳ್ಳಿಬಿಡ್ತಿತ್ತು.

ಪ್ರಶ್ನೆ: ಮಕರಕ್ಕೆ ಎಷ್ಟು ಪ್ರಾಣಿಗಳ ಅಂಗ ಇದೆ? ಒಬ್ಬೊಬ್ಬ ಗೈಡ್ ಒಂದೊಂದು ಲೆಕ್ಕ ಹೇಳ್ತಾರೆ.

ಉತ್ತರ: ಹೌದು, ಲೆಕ್ಕ ಬದಲಾಗುತ್ತೆ. ಮೊಸಳೆ ಬಾಯಿ, ಆನೆ ಸೊಂಡಿಲು, ಸಿಂಹದ ಕಾಲು, ಹಂದಿ ಮೈ, ಕೋತಿ ಕಣ್ಣು, ಹಸು ಕಿವಿ, ನವಿಲು ಬಾಲ, ಇದು ಸಾಮಾನ್ಯವಾಗಿ ಹೇಳೋದು. ನೀವು ಲೆಕ್ಕ ಬಿಟ್ಟು ಬಾಲ ನೋಡಿ. ಹೊಯ್ಸಳ ದೇವಸ್ಥಾನಗಳ ಜಗತಿಯ (ಗುಡಿ ನಿಂತಿರೋ ಎತ್ತರದ ಕಟ್ಟೆಯ) ಮೇಲೆ ಗೋಡೆ ಬುಡದಲ್ಲಿ ಅಡ್ಡಡ್ಡ ಕೆತ್ತನೆ ಪಟ್ಟಿಕೆಗಳ ಸಾಲು ಇರುತ್ತೆ, ಸೋಮನಾಥಪುರದಲ್ಲಿ ಕೆಳಗಿಂದ ಆನೆ, ಕುದುರೆ ಸವಾರರು, ಬಳ್ಳಿ, ಪುರಾಣದ ಕತೆ, ಆಮೇಲೆ ಮಕರ, ಮೇಲೆ ಹಂಸ. ಅಲ್ಲಿ ಜಾಗ ಉದ್ದಕ್ಕೆ, ಎತ್ತರ ಕಮ್ಮಿ, ಹಾಗಾಗಿ ಮಕರ ನೆಲಕ್ಕೆ ಅಂಟಿಕೊಂಡು ಸಾಲಾಗಿ ನಡೆಯುತ್ತೆ, ಬಾಲ ಹಿಂದೆ ಸುರುಳಿಯಾಗಿ ಹರಡಿಕೊಂಡು ಖಾಲಿ ಜಾಗ ತುಂಬುತ್ತೆ. ಅದೇ ಮಕರ, ತೋರಣಕ್ಕೆ ಅಂದ್ರೆ ಕೆತ್ತನೆಯ ಕಮಾನಿಗೆ ಬಂದಾಗ, ಕಮಾನು ಕಂಬದ ಮೇಲೆ ಇಳಿಯೋ ಎರಡು ತುದಿಯಲ್ಲಿ ಕೂರುತ್ತೆ, ಬಾಲ ಮೇಲಕ್ಕೇಳುತ್ತೆ. ಜಾಗ ಬದಲಾದ ಹಾಗೆ ಮೈ ಬದಲಾಗುತ್ತೆ. ಈ ಪ್ರಾಣಿಗಳನ್ನ ಅರ್ಥ ಮಾಡಿಕೊಳ್ಳೋಕೆ ಅಂಗ ಎಣಿಸೋದಕ್ಕಿಂತ ಅದು ಕಟ್ಟಡದಲ್ಲಿ ಎಲ್ಲಿದೆ ಅಂತ ನೋಡೋದು ನನ್ನ ಪ್ರಕಾರ ಸರಿಯಾದ ದಾರಿ, ಈ ಇಡೀ ಅಂಕಣದಲ್ಲಿ ನಾನು ಹೇಳ್ತಿರೋದು ಅದೇ.

ಪ್ರಶ್ನೆ: ಬಾಗಿಲ ಮೇಲೆ ಬರೀ ಮುಖ ಇರುತ್ತಲ್ಲ, ಮೈ ಇಲ್ಲ, ಕೆಳದವಡೆ ಕೂಡ ಇಲ್ಲ, ಯಾಕೆ? ಒಡೆದುಹೋಗಿದೆಯಾ?

ಉತ್ತರ: ಒಡೆದಿಲ್ಲ, ಅದು ಇರೋದೇ ಹಾಗೆ. ಕೀರ್ತಿಮುಖ ಅದು, ಸಿಂಹಲಲಾಟ ಅಂತಲೂ ಹೇಳ್ತಾರೆ. ಪುರಾಣದ ಕತೆ ಹೀಗೆ: ಜಲಂಧರ ಅನ್ನೋ ಅಸುರ ರಾಹುವನ್ನ ಶಿವನ ಹತ್ರ ಕಳಿಸ್ತಾನೆ, ಪಾರ್ವತಿಯನ್ನ ಕೊಟ್ಟುಬಿಡು ಅಂತ. ಶಿವನಿಗೆ ಸಿಟ್ಟು ಬಂದು ಮೂರನೇ ಕಣ್ಣಿಂದ ಹಸಿದ ಒಂದು ಪ್ರಾಣಿ ಹುಟ್ಟುತ್ತೆ, ರಾಹುವನ್ನ ತಿನ್ನೋಕೆ ಹೋಗುತ್ತೆ. ರಾಹು ಹೆದರಿ ಶಿವನ ಕಾಲಿಗೇ ಬೀಳ್ತಾನೆ, ಶಿವ ಬಿಟ್ಟುಬಿಡು ಅಂತಾನೆ. ಹಾಗಾದ್ರೆ ನನ್ನ ಹಸಿವಿಗೇನು ಮಾಡ್ಲಿ ಅಂತ ಕೇಳಿದ್ರೆ ನಿನ್ನನ್ನೇ ತಿನ್ನು ಅಂತಾನೆ. ಅದು ಕಾಲು, ಹೊಟ್ಟೆ, ಎದೆ, ಎಲ್ಲಾ ತಿಂದು ಮುಖ ಮಾತ್ರ ಉಳಿಸಿಕೊಳ್ಳುತ್ತೆ. ಆ ನಿಷ್ಠೆಗೆ ಮೆಚ್ಚಿ ಶಿವ ಅದಕ್ಕೆ ಕೀರ್ತಿಮುಖ ಅಂತ ಹೆಸರಿಟ್ಟು, ನನ್ನ ಬಾಗಿಲಲ್ಲಿ ನೀನಿರು, ನಿನಗೆ ನಮಸ್ಕಾರ ಮಾಡದೆ ಬಂದವರಿಗೆ ನನ್ನ ಕೃಪೆ ಇಲ್ಲ ಅಂತಾನೆ.

ಈ ಕತೆ ಕೇಳಿದ್ಮೇಲೆ ತೋರಣ ನೋಡಿ. ಎರಡು ಕಡೆಯಿಂದ ಬಂದ ಕಮಾನಿನ ಗೆರೆಗಳು ನಡುವೆ ಮೇಲೆ ಸೇರ್ತವೆ, ಆ ಸೇರೋ ಜಾಗವನ್ನ ಏನಾದ್ರೂ ಒಂದು ಹಿಡಿದಿರೋ ಹಾಗೆ ಕಾಣಬೇಕು, ಇಲ್ಲಾಂದ್ರೆ ಕಣ್ಣಿಗೆ ಸಮಾಧಾನ ಇಲ್ಲ. ಅಲ್ಲಿ ಪೂರ್ತಿ ಪ್ರಾಣಿಗೆ ಜಾಗ ಇಲ್ಲ, ಮುಖಕ್ಕೆ ಮಾತ್ರ ಇದೆ, ಕೆಳದವಡೆ ಇರಬೇಕಾದ ಕಡೆಯಿಂದ ಕಮಾನು ಶುರುವಾಗುತ್ತೆ ಅಥವಾ ಮುತ್ತಿನ ಹಾರ ಇಳಿಯುತ್ತೆ. ಕತೆ ಮೊದಲು ಬಂತಾ ಕೆತ್ತನೆ ಮೊದಲು ಬಂತಾ ಅನ್ನೋದು ಬಿಡಿ, ಎರಡೂ ಎಷ್ಟು ಚೆನ್ನಾಗಿ ಕೂಡಿಕೊಂಡಿವೆ ನೋಡಿ! ಜಾವಾದಲ್ಲಿ ಇದೇ ಮುಖವನ್ನ ಕಾಲ ಅಂತ ಕರೀತಾರೆ, ಅಲ್ಲೂ ಬಾಗಿಲ ಮೇಲೆ ಕಾಲ, ಕೆಳಗೆ ಎರಡು ಕಡೆ ಮಕರ. ನಡು ಜಾವಾದ ಹಳೇ ಗುಡಿಗಳಲ್ಲಿ ಅದಕ್ಕೂ ಕೆಳದವಡೆ ಇಲ್ಲ.

ಪ್ರಶ್ನೆ: ಮ್ಯೂಸಿಯಂ ಫೋಟೋದಲ್ಲಿ ರೆಕ್ಕೆ ಇರೋ ಗೂಳಿಗೆ ಮನುಷ್ಯನ ಮುಖ, ಐದು ಕಾಲು! ಶಿಲ್ಪಿ ತಪ್ಪು ಮಾಡಿದ್ನಾ?

ಉತ್ತರ: ಇಲ್ಲ. ಅದು ಅಸ್ಸೀರಿಯಾದ ಲಮಸ್ಸು, ಈಗಿನ ಇರಾಕಿನ ಉತ್ತರ ಭಾಗದ್ದು, ಅರಮನೆ ಬಾಗಿಲ ಎರಡು ಪಕ್ಕದಲ್ಲಿ ಇರೋದು. ಎದುರಿಗೆ ನಿಂತ್ರೆ ಎರಡು ಕಾಲು ಕಾಣುತ್ತೆ, ಪ್ರಾಣಿ ಅಲ್ಲಾಡದೆ ನಿಂತಿದೆ. ಬಾಗಿಲು ದಾಟ್ತಾ ಪಕ್ಕದಿಂದ ನೋಡಿದ್ರೆ ನಾಲ್ಕು ಕಾಲು, ಪ್ರಾಣಿ ನಡೀತಿದೆ. ಮೂಲೆಯಲ್ಲಿರೋ ಕಲ್ಲಿಗೆ ಎರಡು ಮುಖ, ಎರಡು ಕಡೆಯಿಂದಲೂ ಪೂರ್ತಿ ಕಾಣಬೇಕು, ಅದಕ್ಕೆ ಐದನೇ ಕಾಲು. ಖೋರ್ಸಾಬಾದಿನಲ್ಲಿ ರಾಜ ಎರಡನೇ ಸಾರ್ಗೋನ್ ಕಟ್ಟಿಸಿದ ಅರಮನೆಯ ಲಮಸ್ಸುಗಳು, ಕ್ರಿಸ್ತಪೂರ್ವ 8ನೇ ಶತಮಾನದವು, 4 ಮೀಟರಿಗಿಂತ ಎತ್ತರ, ಈಗ ಅವುಗಳಲ್ಲಿ ಕೆಲವು ಪ್ಯಾರಿಸಿನ ಲೂವ್ರ್ ಮ್ಯೂಸಿಯಂ‌ನಲ್ಲಿವೆ. ಊರಲ್ಲೇ ಉಳಿದಿದ್ದ ಕೆಲವನ್ನ, ನಿನೆವೆಯ ನೆರ್ಗಲ್ ಬಾಗಿಲಿನದ್ದು ಸೇರಿ, 2015ರಲ್ಲಿ ಐಸಿಸ್‌ನವರು ಡ್ರಿಲ್ಲಿಂಗ್ ಮಷಿನ್ ಹಿಡಿದು ಹಾಳು ಮಾಡಿದ್ರು. ಆ ವಿಡಿಯೋ ನೋಡೋಕಾಗಲ್ಲ.

ಪ್ರಶ್ನೆ: ಚೀನಾದ ಅರಮನೆ ಚಾವಣಿ ಅಂಚಲ್ಲಿ ಸಾಲಾಗಿ ಕೂತಿರೋ ಪುಟ್ಟ ಪ್ರಾಣಿಗಳು ಏನು?

ಉತ್ತರ: ಇಳಿಜಾರು ಚಾವಣಿಯ ಮೂಲೆ ಏಣಿನ (ಎರಡು ಇಳಿಜಾರು ಸೇರೋ ಅಂಚಿನ) ಮೇಲೆ ಹೆಂಚುಗಳು ಕೆಳಗೆ ಜಾರಬಾರದು ಅಂತ ಮೊಳೆ ಹೊಡೀತಾರೆ, ಮೊಳೆ ಹೊಡೆದ ತೂತಿಂದ ನೀರು ಇಳಿದು ಕೆಳಗಿನ ಮರ ಕೊಳೆಯಬಾರದಲ್ಲ, ಅದನ್ನ ಮುಚ್ಚೋಕೆ ಒಂದೊಂದು ಪ್ರಾಣಿ. ಎಷ್ಟು ಪ್ರಾಣಿ ಅನ್ನೋದು ಕಟ್ಟಡದ ಅಂತಸ್ತು ಹೇಳುತ್ತೆ, ಸಾಮಾನ್ಯವಾಗಿ ಬೆಸ ಸಂಖ್ಯೆ, ಹೆಚ್ಚಂದ್ರೆ 9. ಬೀಜಿಂಗ್ ಅರಮನೆಯ ತೈಹೆ ದ್ಯಾನ್ ಅನ್ನೋ ಮುಖ್ಯ ಸಭಾಂಗಣಕ್ಕೆ ಮಾತ್ರ 10. ಇನ್ನು ಚಾವಣಿಯ ನೆತ್ತಿ ಏಣಿನ ಎರಡು ತುದಿಯಲ್ಲಿ ಬಾಯಿ ತೆಗೆದು ಏಣನ್ನೇ ನುಂಗ್ತಿರೋ ದೊಡ್ಡ ಪ್ರಾಣಿ ಚಿವೆನ್, ಅದು ಬೆಂಕಿ ನುಂಗುತ್ತೆ ಅಂತ ನಂಬಿಕೆ. ಮರದ ಅರಮನೆಗೆ ಬೆಂಕಿಗಿಂತ ದೊಡ್ಡ ಭಯ ಇಲ್ಲ, 1420ರಲ್ಲಿ ಕಟ್ಟಿ ಮುಗಿಸಿದ ಅರಮನೆಯ ಮೂರು ಮುಖ್ಯ ಸಭಾಂಗಣಗಳು 1421ರಲ್ಲೇ ಸಿಡಿಲು ಬಡಿದು ಸುಟ್ಟುಹೋಗಿದ್ವು. ಜಪಾನಿನ ಕೋಟೆಗಳ ನೆತ್ತಿಯಲ್ಲಿರೋ ಹುಲಿ ತಲೆಯ ಮೀನು, ಶಾಚಿಹೊಕೊ, ಅದಕ್ಕೂ ಬೆಂಕಿ ಕಾಯೋದೇ ಕೆಲಸ.

ಪ್ರಶ್ನೆ: ಗಂಡಭೇರುಂಡ ಕೂಡ ಇದೇ ಜಾತಿಗೆ ಸೇರುತ್ತಾ?

ಉತ್ತರ: ಅರ್ಧ ಸೇರುತ್ತೆ. ಅದು ಹೆಚ್ಚಾಗಿ ಲಾಂಛನ, ಕಟ್ಟಡದ ಯಾವ ಭಾಗಕ್ಕೂ ಕಟ್ಟುಬಿದ್ದಿಲ್ಲ. ಬಳ್ಳಿಗಾವೆಯಲ್ಲಿ 1047ರ ಗಂಡಭೇರುಂಡ ಸ್ತಂಭ ಇದೆ, ಅಲ್ಲಿ ಅದಕ್ಕೆ ಮನುಷ್ಯನ ಮೈ, ಹಕ್ಕಿಯ ಎರಡು ತಲೆ. ಕೆಳದಿಯ ರಾಮೇಶ್ವರ ದೇವಸ್ಥಾನದಲ್ಲಿ ಚಾವಣಿಯಲ್ಲಿದೆ. ಬೇಲೂರಿನ ಗೋಡೆಯಲ್ಲಿ ಜಿಂಕೆಯನ್ನ ಹೆಬ್ಬಾವು, ಹೆಬ್ಬಾವನ್ನ ಆನೆ, ಆನೆಯನ್ನ ಸಿಂಹ, ಸಿಂಹವನ್ನ ಶರಭ (ಸಿಂಹವನ್ನೂ ಮೀರಿಸೋ ಪುರಾಣದ ಪ್ರಾಣಿ), ಶರಭವನ್ನ ಗಂಡಭೇರುಂಡ ಹಿಡಿಯೋ ಸರಪಳಿ ಇದೆ, ಹೋದಾಗ ಹುಡುಕಿ ನೋಡಿ. ಕರ್ನಾಟಕ ಸರ್ಕಾರದ ಲಾಂಛನದ ನಡುವೆ ಇರೋದೂ ಗಂಡಭೇರುಂಡವೇ, ಅಕ್ಕಪಕ್ಕ ಎದ್ದು ನಿಂತಿರೋವು ಸೊಂಡಿಲಿರೋ ಸಿಂಹಗಳು, ಗಜಕೇಸರಿ, ನಮ್ಮ ಗಜವ್ಯಾಳದ ಹತ್ತಿರದ ನೆಂಟರು.

ಪ್ರಶ್ನೆ: ಮೇಡಂ/ಸರ್, ನಾನು ಆರ್ಕಿಟೆಕ್ಚರ್ ಓದ್ತಿದೀನಿ. ಪ್ರಾಜೆಕ್ಟಿಗೆ ಈ ಕಾಲದ ಕಟ್ಟಡದಲ್ಲಿ ಬದುಕೋ ಒಂದು ಹೊಸ ಕಲ್ಪನೆಯ ಪ್ರಾಣಿ ಜಾತಿ ಮಾಡಬೇಕು. ಯಾಳಿ ತರವೇ ಮಾಡಿದ್ರೆ ಕಾಪಿ ಅಂತಾರೆ. ಎಲ್ಲಿಂದ ಶುರು ಮಾಡ್ಲಿ?

ಉತ್ತರ: ತುಂಬಾ ಖುಷಿ ಆಯ್ತು ಈ ಪ್ರಶ್ನೆ ನೋಡಿ. ಪ್ರಾಣಿಯಿಂದ ಶುರು ಮಾಡಬೇಡಿ, ಪೆನ್ಸಿಲ್ ಹಿಡಿದ ತಕ್ಷಣ ರೆಕ್ಕೆ, ಕೊಂಬು, ಹಲ್ಲು ಬರೋಕೆ ಶುರುವಾಗುತ್ತೆ, ಅಲ್ಲೇ ಕೆಡೋದು. ಕಟ್ಟಡ ಎಲ್ಲಿ ಕಷ್ಟಪಡ್ತಿದೆ ಅಂತ ಹುಡುಕಿ. ಮೇಲೆ ಹೇಳಿದ ಪ್ರಾಣಿಗಳನ್ನೆಲ್ಲಾ ನೋಡಿ, ಗಂಡಭೇರುಂಡ ಬಿಟ್ರೆ ಒಂದೂ ಸುಮ್ಮನೆ ಖಾಲಿ ಗೋಡೆ ನಡುವೆ ಕೂತಿಲ್ಲ. ನೀರು ಹೊರಗೆ ಬರೋ ಕಡೆ, ಬಾಗಿಲು ತೆರೆಯೋ ಕಡೆ, ಎರಡು ಗೆರೆ ಸೇರೋ ಕಡೆ, ಭಾರ ಇಳಿಯೋ ಕಡೆ, ಮೊಳೆ ಹೊಡೆದ ಕಡೆ. ಹೆದರಿಕೆ ಎಲ್ಲಿದೆಯೋ ಅಲ್ಲಿ.

ಈ ಕಾಲದ ಕಟ್ಟಡದಲ್ಲೂ ಅಂಥ ಜಾಗ ಬೇಕಾದಷ್ಟಿವೆ. ನನಗೆ ತಕ್ಷಣ ಹೊಳೆಯೋದು ಎಕ್ಸ್‌ಪಾನ್ಶನ್ ಜಾಯಿಂಟ್. ಉದ್ದದ ಕಾಂಕ್ರೀಟ್ ಕಟ್ಟಡ ಬಿಸಿಲಿಗೆ ಹಿಗ್ಗುತ್ತೆ, ತಂಪಿಗೆ ಕುಗ್ಗುತ್ತೆ, ಅದಕ್ಕೆ ನಡುವೆ ಒಂದು ಸೀಳು ಬಿಟ್ಟು ಮೇಲೆ ಪಟ್ಟಿ ಮುಚ್ಚಿರ್ತಾರೆ, ಯಾರೂ ಅದರ ಕಡೆ ನೋಡಲ್ಲ. ಅಲ್ಲಿ ಬದುಕೋ ಪ್ರಾಣಿ ಹೇಗಿರಬೇಕು? ಎರಡು ಭಾಗವನ್ನೂ ಹಿಡಿದಿರಬೇಕು, ಆದ್ರೆ ಬಿಗಿಯಾಗಿ ಹಿಡಿಯಬಾರದು, ಬಿಗಿ ಹಿಡಿದ್ರೆ ಗೋಡೆ ಬಿರಿಯುತ್ತೆ. ಅಂದ್ರೆ ಎರಡೂ ಕಡೆ ಉಗುರು, ನಡುವೆ ಮಡಿಕೆ ಮಡಿಕೆ ಮೈ, ಹಗಲು ಒತ್ತಿಕೊಂಡು ರಾತ್ರಿ ಸಡಿಲ ಆಗೋದು. ನೋಡಿ, ಕೆಲಸ ಹೇಳಿದ ಕೂಡಲೇ ಮೈ ತಾನಾಗೇ ಬಂತು. ಲಿಫ್ಟಿನ ಬಾವಿ, ಗಾಜಿನ ಗೋಡೆಗೆ ಹಕ್ಕಿ ಬಂದು ಬಡಿಯೋ ಜಾಗ, ಬೇಸ್‌ಮೆಂಟ್‌ನಲ್ಲಿ ತೇವ ಏರೋ ಗೋಡೆ, ಇವಕ್ಕೂ ಒಂದೊಂದು ಯೋಚನೆ ಮಾಡಿ.

ಅಂಗಗಳನ್ನ ಜನಕ್ಕೆ ಗೊತ್ತಿರೋ ಪ್ರಾಣಿಗಳಿಂದಲೇ ತಗೊಳ್ಳಿ, ಪೂರ್ತಿ ಹೊಸದಾದ್ರೆ ಯಾರಿಗೂ ಏನೂ ಅನ್ಸಲ್ಲ, ಸೊಂಡಿಲು ಅಂದ್ರೆ ಬಲ ಅಂತ ಗೊತ್ತಿರೋದ್ರಿಂದಲೇ ಗಜವ್ಯಾಳ ನೋಡಿ ಮೈ ಜುಂ ಅನ್ನೋದು. ಮತ್ತೆ ಜಾತಿ ಅಂದ್ರೆ ಒಂದೇ ಅಲ್ಲ, ಒಂದು ಹತ್ತು ಬರೀರಿ, ಮೂಲೆಯಲ್ಲಿರೋದು, ನೇರ ಗೋಡೆಯಲ್ಲಿರೋದು, ಕೆಳಮಹಡಿಯದು, ತಾರಸಿಯದು, ಜಾಗಕ್ಕೆ ತಕ್ಕ ಹಾಗೆ ಸ್ವಲ್ಪ ಸ್ವಲ್ಪ ಬೇರೆ. ಹೊಸದನ್ನ ಮಾಡೋಕೆ ಹಕ್ಕಿಲ್ಲ ಅಂತ ಅಂದುಕೊಳ್ಳಬೇಡಿ, ಅಮೆರಿಕದ ವಾಷಿಂಗ್ಟನ್ ನ್ಯಾಷನಲ್ ಕೆಥೆಡ್ರಲ್‌ನವರು 1980ರ ದಶಕದಲ್ಲಿ ಮಕ್ಕಳಿಗೆ ಸ್ಪರ್ಧೆ ಇಟ್ಟು, ಗೆದ್ದ ಚಿತ್ರಗಳನ್ನ ಗೋಪುರದ ಮೇಲೆ ಕಲ್ಲಲ್ಲಿ ಕೆತ್ತಿಸಿದ್ರು, ಅದರಲ್ಲೊಂದು ಸಿನಿಮಾದ ಖಳನಾಯಕನ ಮುಖವಾಡ. ಪ್ರಾಜೆಕ್ಟ್ ಮುಗಿದ್ಮೇಲೆ ಡ್ರಾಯಿಂಗ್ ಕಳಿಸಿ, ಪುಟ ಕೊಡ್ತೀವಿ.

ಪ್ರಶ್ನೆ: ನಮ್ಮೂರ ಹಳೇ ಗುಡಿಯ ಮಕರದ ಬಾಯಿ ಕಟ್ಟಿಕೊಂಡಿದೆ, ನೀರು ಹಿಂದಕ್ಕೆ ಗೋಡೆಗೆ ಇಳೀತಿದೆ. ಸಿಮೆಂಟ್ ಹಾಕಿ ಮುಚ್ಚಿ ಪೈಪ್ ಕೊಡೋಣ ಅಂತಿದಾರೆ, ಜೊತೆಗೆ ಯಾಳಿಗಳಿಗೆ ಆಯಿಲ್ ಪೇಂಟೂ ಹೊಡೀತಾರಂತೆ. ಸರಿನಾ?

ಉತ್ತರ: ದಯವಿಟ್ಟು ಎರಡನ್ನೂ ತಡೀರಿ. ಕಟ್ಟಿಕೊಂಡಿರೋದು ಹೆಚ್ಚಾಗಿ ಎಲೆ, ಮಣ್ಣು, ಎಣ್ಣೆ ಜಿಡ್ಡು, ಮರದ ಕಡ್ಡಿ ಮತ್ತು ನೀರಿಂದ ನಿಧಾನಕ್ಕೆ ಬಿಡಿಸಬಹುದು, ಕಬ್ಬಿಣದ ಸಲಾಕೆ ಬೇಡ, ಒಳಗಿನ ತೋಡು ಒಡೆದ್ರೆ ಮತ್ತೆ ಮಾಡೋಕಾಗಲ್ಲ. ಸಿಮೆಂಟ್ ಹಳೇ ಗಾರೆಗಿಂತ ಗಟ್ಟಿ, ತೇವ ಹೊರಗೆ ಹೋಗೋಕೆ ಬಿಡಲ್ಲ, ಆಗ ತೇವ ಪಕ್ಕದ ಕಲ್ಲಿಗೆ ಹೋಗಿ ಅಲ್ಲಿ ಉಪ್ಪು ಕಟ್ಟಿ ಪದರ ಪದರ ಎದ್ದುಬರುತ್ತೆ. ಆಯಿಲ್ ಪೇಂಟ್ ಮಾಡೋದೂ ಅದನ್ನೇ, ಕೆತ್ತನೆಯ ಸಣ್ಣ ಗೆರೆಗಳೂ ತುಂಬಿಹೋಗ್ತವೆ. ಸಂದಿಗೆ ಏನಾದ್ರೂ ಹಾಕಲೇಬೇಕಾದ್ರೆ ಸುಣ್ಣದ ಗಾರೆ, ಅದೂ ಅದು ಗೊತ್ತಿರೋರ ಕೈಯಲ್ಲಿ. ಗುಡಿ ಪುರಾತತ್ವ ಇಲಾಖೆಯ ರಕ್ಷಿತ ಸ್ಮಾರಕನಾ ಅಂತ ಮೊದಲು ನೋಡಿ, ಬೋರ್ಡ್ ಇರುತ್ತೆ. ಕೇಂದ್ರದ ರಕ್ಷಣೆಯಲ್ಲಿದ್ರೆ 1958ರ ಪುರಾತನ ಸ್ಮಾರಕಗಳ ಕಾಯ್ದೆ ಪ್ರಕಾರ ಹಾನಿ ಮಾಡಿದವರಿಗೆ 2 ವರ್ಷದ ತನಕ ಜೈಲು, 1 ಲಕ್ಷ ರೂಪಾಯಿ ತನಕ ದಂಡ ಆಗಬಹುದು, ಊರವರು ಒಳ್ಳೇ ಮನಸ್ಸಿಂದ ಮಾಡಿದ್ರೂ ಅನುಮತಿ ಬೇಕೇ ಬೇಕು. ರಕ್ಷಿತ ಅಲ್ಲದಿದ್ರೂ ರಾಜ್ಯದ ಪುರಾತತ್ವ ಇಲಾಖೆಗೆ ಫೋಟೋ ಸಮೇತ ಒಂದು ಅರ್ಜಿ ಕೊಡಿ, ಮಳೆ ಬರುವಾಗ ನೀರು ಎಲ್ಲಿಂದ ಎಲ್ಲಿಗೆ ಹರೀತಿದೆ ಅಂತ ಮೊಬೈಲಲ್ಲಿ ವಿಡಿಯೋ ಮಾಡಿ ಜೊತೆಗಿಡಿ, ನೋಡೋಕೆ ಬರೋ ಇಂಜಿನಿಯರಿಗೆ ಅದರಿಂದ ಅರ್ಧ ಕೆಲಸ ಕಮ್ಮಿ ಆಗುತ್ತೆ.